ವಾಕ್ಯವು ಅರ್ಥವಾಗುವ ಪರಿ

ಮನೆಯ ಹಿರಿಯರು ಒಳಕೋಣೆಯಿಂದ, "ಅಂಗಳದಲ್ಲಿ ಒಣಹಾಕಿದ ಜೋಳವನ್ನು ಮಳೆ ಬರುವ ಮುನ್ನ ಒಳಗೆ ತನ್ನಿರಿ" ಎಂದು ಕೂಗಿ ಹೇಳುತ್ತಾರೆ. ಹೇಳಿ ಮುಗಿಸಲು ನಾಲ್ಕೈದು ಸೆಕೆಂಡುಗಳು ಸಾಕು. ಹೊರಗಿದ್ದವನ ಕಿವಿಗೆ ಬಂದು ತಾಗಿದ್ದು ಗಾಳಿಯ ಕಂಪನ ಮಾತ್ರ. ಆ ಕಂಪನದಲ್ಲಿ ಜೋಳವಿಲ್ಲ, ಮಳೆಯಿಲ್ಲ. ಬರವಣಿಗೆಯಲ್ಲಿ ಪದಪದಗಳ ನಡುವೆ ನಾವು ಬಿಡುವ ತೆರಪು ಕೂಡ ಆಡಿದ ಮಾತಿನಲ್ಲಿ ಬಹುಮಟ್ಟಿಗೆ ಇರುವುದಿಲ್ಲ. ಆದರೂ ವಾಕ್ಯವು ಮುಗಿಯುವ ಹೊತ್ತಿಗೆ ಅವನು ಮೋಡದ ಕಡೆಗೊಮ್ಮೆ ನೋಡಿ ಚೀಲಕ್ಕೆ ಕೈಹಾಕಿರುತ್ತಾನೆ. ಈ ನಾಲ್ಕೈದು ಸೆಕೆಂಡುಗಳಲ್ಲಿ ಅವನೊಳಗೆ ನಡೆದುದೇನು? ಹಗಲಿರುಳು ನಾವು ಮಾಡುತ್ತಲೇ ಇರುವ ಈ ಕೆಲಸವನ್ನು ಕುರಿತು ನಾವು ಯೋಚಿಸುವುದೇ ಇಲ್ಲ. ಮನೆಯಲ್ಲಿ ಯಾರಿಗಾದರೂ ಪಾರ್ಶ್ವವಾಯು ಬಡಿದು ಮಾತು ನಿಂತ ದಿನ ಯೋಚಿಸುವ ಪ್ರಸಂಗವು ಬರುತ್ತದೆ. ಆಗ ಯೋಚಿಸುವುದಕ್ಕೆ ಬೇಕಾದ ಸಾಮಗ್ರಿಯು ನಮ್ಮಲ್ಲಿರುವುದಿಲ್ಲ. ಈ ಲೇಖನವನ್ನು ಬರೆಯಲು ಅದೇ ಕಾರಣ.

ಪ್ರಶ್ನೆಯೇನೋ ಹಳೆಯದು. ನಮ್ಮ ದೇಶದ ತಾರ್ಕಿಕರು, ಮೀಮಾಂಸಕರು, ವೈಯಾಕರಣರು ಶತಮಾನಗಳ ಕಾಲ ಇದರ ಮೇಲೆ ವಾದಿಸಿದ್ದಾರೆ. ವಾಕ್ಯವನ್ನು ಕೇಳಿದಾಗ ಹುಟ್ಟುವ ತಿಳಿವಿಗೆ ಅವರು ಶಾಬ್ದಬೋಧವೆಂದು ಹೆಸರಿಟ್ಟರು. ಪಾಠಶಾಲೆಗಳಲ್ಲಿ ತರ್ಕವನ್ನು ಓದಿದವರಿಗೆ ಇದರ ಮೊದಲ ಪರಿಚಯವಾಗುವುದು ಸಾಮಾನ್ಯವಾಗಿ ೧೭ನೆಯ ಶತಮಾನದ ಅನ್ನಂಭಟ್ಟನ ತರ್ಕಸಂಗ್ರಹದ ಮೂಲಕ. ಈ ಲೇಖಕನಿಗೂ ಹಾಗೆಯೇ ಆಯಿತು. ಪದಗಳ ಗುಂಪೊಂದು ವಾಕ್ಯವಾಗಿ ಅರ್ಥ ಕೊಡಬೇಕಾದರೆ ಆಕಾಂಕ್ಷೆ, ಯೋಗ್ಯತೆ, ಸನ್ನಿಧಿ ಎಂಬ ಮೂರು ಇರಬೇಕೆಂದು ಅಲ್ಲಿ ಕಲಿಸುತ್ತಾರೆ. ಹಸು, ಕುದುರೆ, ಮನುಷ್ಯ, ಆನೆ ಎಂದು ನಾಲ್ಕು ಪದಗಳನ್ನು ಸಾಲಾಗಿ ಹೇಳಿದರೆ ಪ್ರತಿಯೊಂದೂ ಅರ್ಥವಾದರೂ ಅದು ವಾಕ್ಯವಾಗದು, ಏಕೆಂದರೆ ಒಂದು ಪದಕ್ಕೆ ಇನ್ನೊಂದು ಬೇಕಾಗಿಲ್ಲ. ಹೀಗೆ ಒಂದು ಪದವು ಮತ್ತೊಂದನ್ನು ಬೇಡುವುದೇ ಆಕಾಂಕ್ಷೆ. ಬೆಂಕಿಯಿಂದ ಗಿಡವನ್ನು ನೆನೆಸು ಎಂದರೆ ವ್ಯಾಕರಣಕ್ಕೆ ಕೊರತೆಯಿಲ್ಲ, ಆದರೆ ಬೆಂಕಿಗೆ ನೆನೆಸುವ ಯೋಗ್ಯತೆಯಿಲ್ಲ. ಬೆಳಿಗ್ಗೆ "ಹಸುವನ್ನು" ಎಂದು ಹೇಳಿ ಮಧ್ಯಾಹ್ನ "ತಾ" ಎಂದರೆ ಕೇಳಿದವನಿಗೆ ಏನೂ ತಿಳಿಯದು. ಪದಗಳು ಕಾಲದಲ್ಲಿ ಒಂದರ ಬಳಿ ಒಂದು ಇರಬೇಕು. ಅದು ಸನ್ನಿಧಿ.

ಬಾಲ್ಯದಲ್ಲಿ ಇದನ್ನು ಬಾಯಿಪಾಠ ಮಾಡಿ ಒಪ್ಪಿಸಿದವರು ಬಹಳ. ಇವು ಮಾತಿನ ಲಕ್ಷಣಗಳೋ ಕೇಳುವವನ ಮನಸ್ಸಿನ ಲಕ್ಷಣಗಳೋ ಎಂದು ಕೇಳಿದವರು ಕಡಿಮೆ. ಆಕಾಂಕ್ಷೆಯೆಂದರೆ ಬಯಕೆ. ಪದಕ್ಕೆ ಬಯಕೆ ಎಲ್ಲಿಂದ ಬರಬೇಕು? ಬಯಕೆ ಇರುವುದು ಕೇಳುವವನಲ್ಲಿ. "ಹಸುವನ್ನು" ಎಂಬ ಪದ ಕಿವಿಗೆ ಬಿದ್ದೊಡನೆ ಅವನ ಮನಸ್ಸು "ಏನು ಮಾಡಬೇಕು?" ಎಂದು ಬಾಯ್ದೆರೆದು ನಿಲ್ಲುತ್ತದೆ. ಇಷ್ಟನ್ನು ಒಪ್ಪಿಕೊಂಡರೆ ಇಂದಿನ ಪ್ರಯೋಗಶಾಲೆಗಳ ಬಾಗಿಲವರೆಗೆ ನಾವು ಬಂದಂತೆಯೇ.

ಅದಕ್ಕೆ ಮುನ್ನ ಮೀಮಾಂಸಕರ ವಾದವೊಂದನ್ನು ಕೇಳಿಕೊಂಡು ಹೋಗಬೇಕು. ಪದಗಳು ಮೊದಲು ತಮ್ಮ ತಮ್ಮ ಅರ್ಥವನ್ನು ಹೇಳಿ ಮುಗಿಸುತ್ತವೆ, ಆಮೇಲೆ ಆ ಅರ್ಥಗಳು ಕೂಡಿಕೊಳ್ಳುತ್ತವೆ ಎಂದು ಕುಮಾರಿಲ ಭಟ್ಟನ ಪಕ್ಷ. ಕೂಡಿಕೊಂಡ ಅರ್ಥವನ್ನೇ ಪದಗಳು ಹೇಳುತ್ತವೆ, ಬಿಡಿ ಪದಕ್ಕೆ ಬಿಡಿಯಾದ ಅರ್ಥಬೋಧವೆಂಬುದು ವ್ಯವಹಾರದಲ್ಲಿಲ್ಲ ಎಂದು ಪ್ರಭಾಕರನ ಪಕ್ಷ. ಪ್ರಭಾಕರನ ಪಕ್ಷದವರು ಮಗುವಿನ ನಿದರ್ಶನವನ್ನು ಕೊಡುತ್ತಾರೆ. ಹಿರಿಯನೊಬ್ಬನು "ಹಸುವನ್ನು ತಾ" ಎನ್ನುತ್ತಾನೆ, ಕಿರಿಯನು ಹೋಗಿ ತರುತ್ತಾನೆ, ಪಕ್ಕದಲ್ಲಿ ಕುಳಿತ ಮಗು ನೋಡುತ್ತದೆ. ಮತ್ತೊಮ್ಮೆ "ಹಸುವನ್ನು ಕಟ್ಟು", ಇನ್ನೊಮ್ಮೆ "ಕುದುರೆಯನ್ನು ತಾ". ಒಂದು ಪದ ಹೋಗಿ ಇನ್ನೊಂದು ಬಂದಾಗ ಏನು ಬದಲಾಯಿತೆಂಬುದನ್ನು ಕಂಡು ಮಗುವು ಪದಗಳನ್ನು ಬಿಡಿಸಿಕೊಳ್ಳುತ್ತದೆ. ಮೊದಲು ಸಿಕ್ಕುವುದು ಇಡೀ ವಾಕ್ಯ, ಅದರಿಂದ ಪದ ಎಂದು ಇದರ ತಾತ್ಪರ್ಯ. ಇವರಿಗಿಂತ ಹಿಂದೆಯೇ, ಸುಮಾರು ೫ನೆಯ ಶತಮಾನದ ಭರ್ತೃಹರಿಯು ವಾಕ್ಯಪದೀಯದಲ್ಲಿ ಇನ್ನೂ ಒಂದು ಹೆಜ್ಜೆ ಮುಂದೆ ಹೋಗಿ, ವಾಕ್ಯವು ಅಖಂಡ, ಅದರ ಅರ್ಥವು ಒಮ್ಮೆಲೇ ಮಿಂಚುವ ಪ್ರತಿಭೆ ಎಂದು ಸಾಧಿಸಿದನು. ಪದಗಳಾಗಿ ಒಡೆಯುವುದು ವೈಯಾಕರಣನ ಅನುಕೂಲಕ್ಕೆ ಮಾತ್ರ ಎಂದು ಆತನ ಮತ.

ಹೀಗೆಂದ ಮಾತ್ರಕ್ಕೆ ಇಂದಿನ ನರವಿಜ್ಞಾನವನ್ನೆಲ್ಲ ನಮ್ಮ ಪೂರ್ವಿಕರು ಮೊದಲೇ ಕಂಡಿದ್ದರೆಂದು ಬೀಗುವ ಚಪಲಕ್ಕೆ ವಾಚಕರು ಒಳಗಾಗಬಾರದು. ಮಿದುಳಿನಲ್ಲಿ ಏನು ನಡೆಯುತ್ತದೆಂಬುದನ್ನು ಅವರು ಅರಿತಿರಲಿಲ್ಲ, ಅರಿತಿರುವುದಾಗಿ ಹೇಳಿಕೊಳ್ಳಲೂ ಇಲ್ಲ. ಅವರು ಕೇಳಿದ್ದು ಒಳ್ಳೆಯ ಪ್ರಶ್ನೆ. ಅವರ ಬಳಿ ಇಲ್ಲದಿದ್ದುದು ಅಳೆಯುವ ಗಡಿಯಾರ.

ಆ ಗಡಿಯಾರವು ಈಗ ಬಂದಿದೆ. ಅದರಿಂದ ದೊರೆತ ಮೊದಲ ಪಾಠವೆಂದರೆ, ಮನಸ್ಸು ವಾಕ್ಯವು ಮುಗಿಯಲಿ ಎಂದು ಕಾಯುವುದಿಲ್ಲ. ಇಂಗ್ಲೆಂಡಿನ ಯಾರ್ಕ್ ವಿಶ್ವವಿದ್ಯಾಲಯದಲ್ಲಿ ಗೆರ್ರಿ ಆಲ್ಟ್‌ಮನ್ ಮತ್ತು ಯೂಕಿ ಕಮಿಡೆ ಎಂಬ ವಿದ್ವಾಂಸರು ೧೯೯೯ರಲ್ಲಿ ಪ್ರಕಟಿಸಿದ ಪ್ರಯೋಗ ಸರಳವಾದುದು. ಒಂದು ಚಿತ್ರ, ಅದರಲ್ಲಿ ಒಬ್ಬ ಹುಡುಗ, ಒಂದು ಕೇಕು, ಕೆಲವು ಆಟಿಕೆಗಳು. ಚಿತ್ರವನ್ನು ನೋಡುತ್ತಿರುವವನ ಕಿವಿಯಲ್ಲಿ ವಾಕ್ಯವೊಂದು ನುಡಿಯುತ್ತದೆ, ಅವನ ಕಣ್ಣಿನ ಚಲನೆಯನ್ನು ಯಂತ್ರವು ದಾಖಲಿಸುತ್ತದೆ. ಇಂಗ್ಲಿಷಿನಲ್ಲಿ ಕ್ರಿಯಾಪದವು ಕರ್ಮಪದಕ್ಕಿಂತ ಮೊದಲು ಬರುತ್ತದೆಯಷ್ಟೆ. ತಿನ್ನುವ ಕ್ರಿಯೆಯ ಪದವು ಕಿವಿಗೆ ಬಿದ್ದೊಡನೆ, ಕೇಕು ಎಂಬ ಪದವನ್ನು ಇನ್ನೂ ಹೇಳುವ ಮೊದಲೇ, ಕೇಳುಗರ ಕಣ್ಣು ಕೇಕಿನ ಕಡೆಗೆ ಹೊರಳಿತು. ಚಿತ್ರದಲ್ಲಿ ತಿನ್ನುವಂತಹ ವಸ್ತು ಅದೊಂದೇ ಇದ್ದಿತು. ಅದೇ ಜಾಗದಲ್ಲಿ ಸರಿಸುವ ಕ್ರಿಯೆಯ ಪದವನ್ನು ಹೇಳಿದಾಗ ಕಣ್ಣು ಹಾಗೆ ಮುಂದೋಡಲಿಲ್ಲ. ಆಕಾಂಕ್ಷೆ ಮತ್ತು ಯೋಗ್ಯತೆಗಳೆರಡೂ ಕಣ್ಣಿನಲ್ಲಿ ಕಾಣಿಸಿಕೊಂಡಂತಾಯಿತು.

ಇಲ್ಲಿ ಕನ್ನಡಿಗನಿಗೆ ಒಂದು ಸಂಶಯವು ಏಳಬೇಕು. ನಮ್ಮ ವಾಕ್ಯದಲ್ಲಿ ಕ್ರಿಯಾಪದವು ಬರುವುದೇ ಕೊನೆಯಲ್ಲಿ. ಹಾಗಾದರೆ ನಮ್ಮ ಮನಸ್ಸು ಕೊನೆಯವರೆಗೂ ಕೈಕಟ್ಟಿ ಕುಳಿತಿರುತ್ತದೆಯೇ? ಜಪಾನೀ ಭಾಷೆಯೂ ಈ ವಿಷಯದಲ್ಲಿ ನಮ್ಮ ಕನ್ನಡದಂತೆಯೇ ಇದೆ. ಅಲ್ಲಿಯೂ ಕ್ರಿಯಾಪದವು ಕಟ್ಟಕಡೆಗೆ, ಅಲ್ಲಿಯೂ ನಾಮಪದಕ್ಕೆ ವಿಭಕ್ತಿಯಂತಹ ಪ್ರತ್ಯಯ. ೨೦೦೩ರಲ್ಲಿ ಅದೇ ವಿದ್ವಾಂಸರು ಜಪಾನೀ ಕೇಳುಗರ ಮೇಲೆ ಪ್ರಯೋಗ ಮಾಡಿದಾಗ, ಬಡಿಸುವವಳು ಎಂಬ ಪದವು ಕರ್ತೃವಿನ ಪ್ರತ್ಯಯದೊಡನೆಯೂ ಗಿರಾಕಿ ಎಂಬ ಪದವು ನಮ್ಮ ಚತುರ್ಥಿಯಂತಹ ಪ್ರತ್ಯಯದೊಡನೆಯೂ ಬಂದ ಕೂಡಲೇ, ಕೊಡಬಹುದಾದ ವಸ್ತುವಿನತ್ತ ಕೇಳುಗರ ಕಣ್ಣು ಹೋಯಿತು. ಆಗ ಕ್ರಿಯಾಪದವಿನ್ನೂ ಬಂದಿರಲೇ ಇಲ್ಲ. ಗಿರಾಕಿಗೆ ದ್ವಿತೀಯೆಯಂತಹ ಪ್ರತ್ಯಯವಿದ್ದಾಗ ನೋಟವು ಆ ವಸ್ತುವಿಗೆ ಅಷ್ಟಾಗಿ ಹೋಗಲಿಲ್ಲ. ನಮ್ಮಲ್ಲಿಯೂ ನೋಡಿರಿ: "ಅತಿಥಿಗೆ" ಎಂದೊಡನೆ ಕೊಡುವ, ಬಡಿಸುವ, ಹೇಳುವ ಕ್ರಿಯೆಗಳು ಮನಸ್ಸಿನಲ್ಲಿ ಸಾಲುಗಟ್ಟುತ್ತವೆ. "ಅತಿಥಿಯನ್ನು" ಎಂದರೆ ಕರೆಯುವ, ಕುಳ್ಳಿರಿಸುವ, ಬೀಳ್ಕೊಡುವ ಕ್ರಿಯೆಗಳು. ವ್ಯಾಕರಣದ ಪುಸ್ತಕದಲ್ಲಿ ಮಕ್ಕಳು ಬೇಸರದಿಂದ ಉರುಹೊಡೆಯುವ ಉ, ಅನ್ನು, ಇಂದ, ಗೆ ಎಂಬ ಈ ಸಣ್ಣ ಅಕ್ಷರಗಳು ಮುಂದೆ ಬರುವ ಕ್ರಿಯೆಗೆ ದಾರಿ ತೋರಿಸುವ ಕೈಮರಗಳು.

ಮುಂದೋಡುವ ಮನಸ್ಸು ಕೆಲವೊಮ್ಮೆ ತಪ್ಪು ದಾರಿಯನ್ನು ಹಿಡಿಯುತ್ತದೆ. ಇದಕ್ಕೆ ಇಂಗ್ಲಿಷ್ ಗ್ರಂಥಗಳಲ್ಲಿ ಪ್ರಸಿದ್ಧ ಉದಾಹರಣೆಗಳಿವೆ. ಅವು ನಮಗೆ ಬೇಡ, ನಮ್ಮ ಮನೆಯಲ್ಲಿಯೇ ಇದೆ. "ಬಸವರಾಜ ಹಣ್ಣು ತಿಂದ ಹುಡುಗನನ್ನು ಕರೆದ." ಈ ವಾಕ್ಯವನ್ನು ಮೆಲ್ಲಗೆ ಓದಿರಿ. "ಬಸವರಾಜ ಹಣ್ಣು ತಿಂದ" ಎಂಬಲ್ಲಿಗೆ ಹಣ್ಣು ತಿಂದವನು ಬಸವರಾಜನೇ ಎಂದು ಮನಸ್ಸು ತೀರ್ಮಾನಿಸಿಬಿಡುತ್ತದೆ. "ಹುಡುಗನನ್ನು" ಎಂಬ ಪದ ಬಂದು ತಾಗಿದಾಗ ಎಡವಿ, ಹಿಂದಿರುಗಿ, ತಿಂದವನು ಹುಡುಗನೆಂದೂ ಬಸವರಾಜನು ಬರಿದೇ ಕರೆದವನೆಂದೂ ತಿದ್ದಿಕೊಳ್ಳುತ್ತದೆ. ಆಡುಮಾತಿನಲ್ಲಿ "ತಿಂದ" ಎಂಬುದು ಪೂರ್ಣ ಕ್ರಿಯಾಪದವೂ ಹೌದು, ಮುಂದಿನ ನಾಮಪದವನ್ನು ವಿಶೇಷಿಸುವ ಕೃದಂತವೂ ಹೌದು, ಎಡವಟ್ಟು ಅಲ್ಲಿಂದ. ಈಗ ಬಸವರಾಜನ ಸ್ಥಾನದಲ್ಲಿ ಗಿರಿಜೆಯನ್ನು ಇಡೋಣ: "ಗಿರಿಜೆ ಹಣ್ಣು ತಿಂದ ಹುಡುಗನನ್ನು ಕರೆದಳು." ಎಡವುವುದಿಲ್ಲ. ಗಿರಿಜೆಯೇ ತಿಂದಿದ್ದರೆ "ತಿಂದಳು" ಎಂದಿರಬೇಕಿತ್ತು ಎಂಬುದು ಮನಸ್ಸಿಗೆ ಆ ಕ್ಷಣದಲ್ಲಿಯೇ ಹೊಳೆದಿರುತ್ತದೆ. ಗ್ರಂಥಸ್ಥ ಭಾಷೆಯಲ್ಲಿ "ತಿಂದನು" ಎಂದು ಬರೆಯುವುದು ಆಡಂಬರವೆಂದು ತಿಳಿದ ತರುಣ ಲೇಖಕರು ಇದನ್ನು ಗಮನಿಸಲಿ. ಆ "ನು" ಓದುಗನಿಗೆ ಸುಳ್ಳು ದಾರಿಯನ್ನು ಮುಚ್ಚುವ ಬೇಲಿ. ಅರ್ಧಪುಟದವರೆಗೆ ಕ್ರಿಯಾಪದವನ್ನೇ ಕಾಣಿಸದಂತೆ ವಾಕ್ಯ ಬರೆಯುವ ನಮ್ಮ ಸರಕಾರಿ ಸುತ್ತೋಲೆಗಳವರ ವಿಷಯ ಬೇರೆ. ಕೆಲವು ಪ್ರವಚನಕಾರರ ವಿಷಯವೂ ಬೇರೆ.

ಎಡವಿದ ಆ ಕ್ಷಣವು ಮಿದುಳಿನಲ್ಲಿಯೂ ಕಾಣುತ್ತದೆ. ತಲೆಯ ಚರ್ಮಕ್ಕೆ ತಂತಿಗಳನ್ನು ಅಂಟಿಸಿ ಮಿದುಳಿನ ಅತಿಸೂಕ್ಷ್ಮ ವಿದ್ಯುತ್ತನ್ನು ಬರೆದುಕೊಳ್ಳುವ ವಿಧಾನವನ್ನು ಜರ್ಮನಿಯ ಹಾನ್ಸ್ ಬರ್ಗರ್ ಎಂಬ ವೈದ್ಯನು ೧೯೨೯ರಲ್ಲಿ ಪ್ರಕಟಿಸಿದನು. ೧೯೮೦ರಲ್ಲಿ ಅಮೆರಿಕದ ಮಾರ್ಟಾ ಕುಟಾಸ್ ಮತ್ತು ಸ್ಟೀವನ್ ಹಿಲ್ಯಾರ್ಡ್ ಅದನ್ನು ವಾಕ್ಯಗಳಿಗೆ ಅನ್ವಯಿಸಿದರು. ವಾಕ್ಯವನ್ನು ಒಂದೊಂದೇ ಪದವಾಗಿ ತೋರಿಸುತ್ತ ಕೊನೆಯಲ್ಲಿ ಅರ್ಥಕ್ಕೆ ಹೊಂದದ ಪದವನ್ನಿಟ್ಟರೆ, ಅಂದರೆ ರೊಟ್ಟಿಗೆ ಬೆಣ್ಣೆಯ ಬದಲು ಕಾಲುಚೀಲವನ್ನು ಸವರಿದಂತೆ ಹೇಳಿದರೆ, ಆ ಪದ ಕಂಡ ಸುಮಾರು ೪೦೦ ಮಿಲಿಸೆಕೆಂಡಿಗೆ, ಅಂದರೆ ಅರ್ಧ ಸೆಕೆಂಡಿಗಿಂತ ಮೊದಲೇ, ಋಣ ವಿದ್ಯುತ್ತಿನ ಅಲೆಯೊಂದು ಏಳುತ್ತದೆ. ಅದೇ ಬೆಂಕಿಯಿಂದ ನೆನೆಸುವ ಕಥೆ. ವ್ಯಾಕರಣವು ಕೆಟ್ಟಾಗ ಬರುವ ಅಲೆ ಬೇರೆ. ಹುಡುಗಿಯು ಊರಿಗೆ ಹೋದನು ಎಂಬ ಬಗೆಯ ಹೊಂದಿಕೆಯ ತಪ್ಪುಗಳಿಗೂ, ಎಡವಿಸುವ ವಾಕ್ಯಗಳಿಗೂ ಸುಮಾರು ೬೦೦ ಮಿಲಿಸೆಕೆಂಡಿಗೆ ಧನ ವಿದ್ಯುತ್ತಿನ ಅಲೆಯು ಕಾಣುವುದೆಂದು ೧೯೯೨ ಮತ್ತು ೧೯೯೩ರಲ್ಲಿ ಇಂಗ್ಲಿಷ್, ಡಚ್ ಭಾಷೆಗಳ ವಾಕ್ಯಗಳಿಂದ ತೋರಿಸಿದರು. ಅರ್ಥದ ಲೆಕ್ಕ, ಕಟ್ಟಡದ ಲೆಕ್ಕ ಎರಡನ್ನೂ ಮಿದುಳು ಪದಪದಕ್ಕೂ ನೋಡಿಕೊಳ್ಳುತ್ತದೆ. ಈ ಅಲೆಗಳ ಅರ್ಥವೇನೆಂಬುದರ ಮೇಲೆ ವಿಜ್ಞಾನಿಗಳಲ್ಲಿ ಇನ್ನೂ ಚರ್ಚೆ ನಡೆದಿದೆ, ಕುಮಾರಿಲ ಪ್ರಭಾಕರರ ಶಿಷ್ಯರ ಚರ್ಚೆಯಂತೆಯೇ.

ಇನ್ನು ಲೇಖನದ ಮುಖ್ಯ ವಿಷಯಕ್ಕೆ ಬರೋಣ. ಆರೋಗ್ಯವಂತನ ಮಿದುಳಿನಲ್ಲಿ ಆಡುವ ಶಕ್ತಿಯೂ ಅರ್ಥೈಸುವ ಶಕ್ತಿಯೂ ಹೆಣೆದುಕೊಂಡಿರುವುದರಿಂದ ಅವು ಒಂದೇ ಎಂದು ನಮಗೆ ತೋರುತ್ತದೆ. ಪೆಟ್ಟು ಬಿದ್ದಾಗ ಅವು ಬೇರೆಬೇರೆಯಾಗಿ ಕೆಡಬಲ್ಲವು.

ಪ್ಯಾರಿಸ್ ನಗರದ ಬಳಿಯ ಬಿಸೆತ್ರ್ ಆಸ್ಪತ್ರೆಯಲ್ಲಿ ಲೆಬೋರ್ನ್ಯ್ ಎಂಬ ರೋಗಿಯಿದ್ದನು. ಏನನ್ನು ಕೇಳಿದರೂ ಅವನ ಬಾಯಿಂದ ಬರುತ್ತಿದ್ದುದು "ತಾನ್" ಎಂಬ ಒಂದೇ ಶಬ್ದ. ಹೀಗಾಗಿ ಆಸ್ಪತ್ರೆಯಲ್ಲಿ ಅವನ ಹೆಸರೇ ತಾನ್ ಎಂದಾಯಿತು. ೧೮೬೧ರ ಏಪ್ರಿಲ್‌ನಲ್ಲಿ, ಕಾಲಿನ ಬಾವಿನಿಂದ ನರಳುತ್ತಿದ್ದ ಅವನನ್ನು ಶಸ್ತ್ರವೈದ್ಯ ಪಾಲ್ ಬ್ರೋಕಾನ ಬಳಿಗೆ ತಂದರು. ಈ ಆಸ್ಪತ್ರೆಯಲ್ಲಿ ಎಷ್ಟು ವರ್ಷಗಳಿಂದ ಇದ್ದೀಯೆ ಎಂದು ಬ್ರೋಕಾ ಕೇಳಿದನು. ತಾನ್ ತನ್ನ ಕೈಯನ್ನು ನಾಲ್ಕು ಸಲ ಬಿಡಿಸಿ ತೋರಿಸಿ ಆಮೇಲೆ ಒಂದು ಬೆರಳನ್ನು ಎತ್ತಿದನು. ನಾಲ್ಕೈದಲಿ ಇಪ್ಪತ್ತು, ಒಂದು ಕೂಡಿ ೨೧. ಲೆಕ್ಕವು ಸರಿಯಾಗಿತ್ತು. ಮರುದಿನ ಅದೇ ಪ್ರಶ್ನೆಗೆ ಅದೇ ಉತ್ತರ ಬಂದಿತು. ಮತ್ತೊಮ್ಮೆ ಕೇಳಿದಾಗ ತನ್ನನ್ನು ಪರೀಕ್ಷಿಸುತ್ತಿದ್ದಾರೆಂದು ಅರಿತ ತಾನ್ ಸಿಟ್ಟಿಗೆದ್ದು ಬೈದುಬಿಟ್ಟನು. ಸಿಟ್ಟು ಬಂದಾಗ ಆ ಒಂದು ಬೈಗುಳ ಮಾತ್ರ ಅವನ ಬಾಯಿಂದ ಹೊರಡುತ್ತಿದ್ದಿತು. ಕೆಲವೇ ದಿನಗಳಲ್ಲಿ ಅವನು ತೀರಿಕೊಂಡನು. ಅವನ ಮಿದುಳಿನ ಎಡಭಾಗದ ಮುಂಬದಿಯಲ್ಲಿ ಗಾಯವಿದ್ದುದನ್ನು ಬ್ರೋಕಾ ಕಂಡನು, ಆ ಪ್ರದೇಶಕ್ಕೆ ಅವನ ಹೆಸರೇ ನಿಂತಿತು. ಪ್ಯಾರಿಸ್ಸಿನಲ್ಲಿ ಕಾದಿರಿಸಿದ್ದ ಆ ಮಿದುಳನ್ನು ಆಧುನಿಕ ಸ್ಕ್ಯಾನಿಂಗ್‌ಗೆ ಒಳಪಡಿಸಿ ೨೦೦೭ರಲ್ಲಿ ಪ್ರಕಟಿಸಿದ ವರದಿಯಂತೆ, ಗಾಯವು ಬ್ರೋಕಾ ಕಂಡುದಕ್ಕಿಂತ ಬಹಳ ಆಳಕ್ಕೆ ಇಳಿದಿತ್ತು.

೧೮೭೪ರಲ್ಲಿ ಕಾರ್ಲ್ ವೆರ್ನಿಕೆ ಎಂಬ ಜರ್ಮನ್ ವೈದ್ಯನು, ಆಗ ಅವನಿಗೆ ೨೬ ವರ್ಷ, ಇದಕ್ಕೆ ತಿರುಗುಮುರುಗಾದ ರೋಗಿಗಳನ್ನು ವರ್ಣಿಸಿದನು. ಇವರಿಗೆ ಮಾತು ನಿರರ್ಗಳವಾಗಿ ಹರಿಯುತ್ತದೆ. ಆದರೆ ಮಾತಿನಲ್ಲಿ ಹುರುಳಿರುವುದಿಲ್ಲ. ಇತರರು ಆಡಿದ್ದು ಅವರಿಗೆ ಅರ್ಥವಾಗುವುದಿಲ್ಲ. ಗಾಯವಿರುವುದು ಎಡ ಮಿದುಳಿನ ಹಿಂಬದಿಯಲ್ಲಿ, ಕಿವಿಯ ಮೇಲ್ಭಾಗದ ಆಸುಪಾಸಿನಲ್ಲಿ. ಮುಂಬದಿಯಲ್ಲಿ ಆಡುವ ಕೇಂದ್ರ, ಹಿಂಬದಿಯಲ್ಲಿ ಅರ್ಥೈಸುವ ಕೇಂದ್ರ ಎಂಬ ಸರಳ ನಕಾಶೆಯು ಹೀಗೆ ಸಿದ್ಧವಾಯಿತು. ಇಂದು ಅದನ್ನು ಅಷ್ಟು ಸರಳವಾಗಿ ಯಾರೂ ಒಪ್ಪುವುದಿಲ್ಲ. ಎರಡು ಬದಿಗಳನ್ನೂ ಕೂಡಿಸುವ ನರತಂತುಗಳ ಜಾಲವೇ ವಾಕ್ಯವನ್ನು ಕಟ್ಟುತ್ತದೆಂದು ತಿಳಿದುಬಂದಿದೆ. ಮಿದುಳಿನ ಪೆಟ್ಟಿನಿಂದ ಭಾಷೆಯು ಕೆಡುವ ಈ ಸ್ಥಿತಿಗೆ ವೈದ್ಯರು ಅಫೇಸಿಯ ಎನ್ನುತ್ತಾರೆ.

ಬ್ರೋಕಾನ ಬಗೆಯ ರೋಗಿಗಳಿಗೆ ಮಾತು ಬಾರದಿದ್ದರೂ ಅರ್ಥವೆಲ್ಲ ಆಗುತ್ತದೆ ಎಂದೇ ನೂರು ವರ್ಷಗಳವರೆಗೆ ಬಹುಮಂದಿ ನಂಬಿದ್ದರು. ಅಮೆರಿಕದ ಕರಮಾಜ್ಜಾ ಮತ್ತು ಜೂರಿಫ್ ಎಂಬವರು ೧೯೭೬ರಲ್ಲಿ ಇದರ ಒಳಗುಟ್ಟನ್ನು ಹೊರಗೆಡವಿದರು. ಹುಡುಗನು ತಿನ್ನುತ್ತಿರುವ ಸೇಬು ಕೆಂಪಾಗಿದೆ ಎಂಬಂತಹ ವಾಕ್ಯವು ಈ ರೋಗಿಗಳಿಗೆ ತಿಳಿಯುತ್ತದೆ, ಏಕೆಂದರೆ ಸೇಬು ಹುಡುಗನನ್ನು ತಿನ್ನಲಾರದು, ಯೋಗ್ಯತೆಯೊಂದೇ ಸಾಕು. ಹುಡುಗಿಯು ಬೆನ್ನಟ್ಟುತ್ತಿರುವ ಹುಡುಗನು ಎತ್ತರವಾಗಿದ್ದಾನೆ ಎಂಬಂತಹ ವಾಕ್ಯಕ್ಕೆ ಬಂದಾಗ ಯಾರು ಯಾರನ್ನು ಬೆನ್ನಟ್ಟಿದರೆಂಬುದನ್ನು ಅವರು ಹೇಳಲಾರರು. ಇಬ್ಬರಿಗೂ ಬೆನ್ನಟ್ಟುವ ಯೋಗ್ಯತೆಯಿದೆ. ಇಲ್ಲಿ ಕೈಹಿಡಿಯಬೇಕಾದುದು ವ್ಯಾಕರಣ, ಅದೇ ಕೈಬಿಟ್ಟಿದೆ. ಯೋಗ್ಯತೆ ಉಳಿದು ಆಕಾಂಕ್ಷೆಯ ಕೊಂಡಿ ಕಳಚಿದ ಸ್ಥಿತಿ ಇದು ಎಂದು ನಮ್ಮ ಪರಿಭಾಷೆಯಲ್ಲಿ ಹೇಳಬಹುದು.

ಹಾಗಾದರೆ ಬುದ್ಧಿಯೇ ಮಂಕಾಯಿತೆ? ಇಲ್ಲ. ೨೦೦೫ರಲ್ಲಿ ಇಂಗ್ಲೆಂಡಿನ ರೋಸ್ಮರಿ ವಾರ್ಲಿ ಮತ್ತು ಅವರ ಸಂಗಡಿಗರು ಇಂತಹ ಮೂವರು ರೋಗಿಗಳನ್ನು ಪರೀಕ್ಷಿಸಿದರು. ಯಾರು ಯಾರನ್ನು ಕೊಂದರೆಂಬ ವಾಕ್ಯದಲ್ಲಿ ಗೊಂದಲಗೊಳ್ಳುತ್ತಿದ್ದವರು, ಹನ್ನೆರಡರಲ್ಲಿ ಐದನ್ನು ಕಳೆಯುವುದಕ್ಕೂ ಐದರಲ್ಲಿ ಹನ್ನೆರಡನ್ನು ಕಳೆಯುವುದಕ್ಕೂ ಇರುವಂತಹ ವ್ಯತ್ಯಾಸವನ್ನು ಕಾಗದದ ಮೇಲೆ ತಪ್ಪಿಲ್ಲದೆ ತಿಳಿಯಬಲ್ಲವರಾಗಿದ್ದರು. ವಾಕ್ಯದ ಕ್ರಮ ಕೆಟ್ಟಿತ್ತು, ಲೆಕ್ಕದ ಕ್ರಮ ಕೆಟ್ಟಿರಲಿಲ್ಲ. ಭಾಷೆಯು ಹೋದರೆ ವಿಚಾರವೂ ಹೋಯಿತೆಂಬ ನಮ್ಮ ಸಾಮಾನ್ಯ ನಂಬಿಕೆಗೆ ಇದು ಬಲವಾದ ಪೆಟ್ಟು.

ಕೆಲವು ವರ್ಷಗಳ ಹಿಂದೆ ಧಾರವಾಡ ಸೀಮೆಯ ಒಂದು ಹಳ್ಳಿಯ ಮನೆಗೆ ಹೋಗಿದ್ದೆನು. ಮನೆಯ ಯಜಮಾನರು ಐವತ್ತು ವರ್ಷ ಒಕ್ಕಲುತನ ನಡೆಸಿದವರು, ಪಾರ್ಶ್ವವಾಯುವಿನಿಂದ ಬಲಗೈ ಬಲಗಾಲು ಬಿದ್ದು ಮಾತು ನಿಂತಿತ್ತು. ಮಂಚದ ಪಕ್ಕದಲ್ಲಿಯೇ ಕುಳಿತು ಹಿರಿಯ ಮಗನು, "ನಮ್ಮಪ್ಪಗ ಈಗ ಏನೂ ತಿಳಿಯಂಗಿಲ್ಲರೀ ಶಾಸ್ತ್ರಿಗಳ" ಎಂದು ಹೇಳಿದನು. ಯಜಮಾನರು ಎಡಗೈಯಿಂದ ಮಂಚದ ಪಟ್ಟಿಯನ್ನು ಎರಡು ಸಲ ಬಡಿದರು. ಮಗನು ಅದನ್ನು ನೋಡಲಿಲ್ಲ. ಹೊಲದ ವಾಟ್ನಿಯ ಮಾತನ್ನು ಅವರ ಎದುರಿಗೇ ಮುಂದುವರಿಸಿದನು. ಸಂಜೆ ಪೂಜೆಯ ಹೊತ್ತಿಗೆ ಮನೆಯವರು ಮಂಗಳಾರತಿಯ ಪದವನ್ನು ಹಾಡತೊಡಗಿದಾಗ ಒಳಗಿನಿಂದ ಅವರ ದನಿಯೂ ಕೂಡಿಕೊಂಡಿತು, ಪದಗಳು ತಪ್ಪದೆ, ರಾಗವು ಕೆಡದೆ. ಹಾಡು ಮುಗಿದ ಮೇಲೆ ನೀರು ಎಂಬ ಎರಡಕ್ಷರ ಹೊರಡಲಿಲ್ಲ. "ಹಾಡಾಕ ಬರತೈತಿ, ನೀರ ಕೇಳಾಕ ಬರಂಗಿಲ್ಲೇನ? ಬರೇ ಹಟ" ಎಂದು ಸೊಸೆಯು ಅಂದಳು. ಅವಳಲ್ಲಿ ಕೆಡುಕಿರಲಿಲ್ಲ. ಹಗಲು ರಾತ್ರಿ ಸೇವೆ ಮಾಡಿ ದಣಿದ ಜೀವ ಅದು.

ಇದು ಹಟವಲ್ಲ. ಮಾತು ಬಿದ್ದವನು ಹಾಡಬಲ್ಲನೆಂಬುದನ್ನು ಸ್ವೀಡನ್ ದೇಶದ ಓಲೋಫ್ ಡಾಲಿನ್ ಎಂಬವನು ೧೮ನೆಯ ಶತಮಾನದಲ್ಲಿಯೇ ಬರೆದಿಟ್ಟಿದ್ದಾನೆ. ಅವನು ಕಂಡ ರೋಗಿಯು ಪ್ರಾರ್ಥನಾಗೀತೆಗಳನ್ನು ಇತರರೊಡನೆ ಸ್ಪಷ್ಟವಾಗಿ ಹಾಡುತ್ತಿದ್ದನು. ಬಾಲ್ಯದಿಂದ ಬಾಯಿಗೆ ಬಂದ ಹಾಡು, ಎಣಿಕೆ, ಬೈಗುಳ ಇವು ತಾವಾಗಿ ಉರುಳುವ ಸರಪಳಿಗಳು. ಅವನ್ನು ಪದಪದವಾಗಿ ಹೊಸದಾಗಿ ಕಟ್ಟಬೇಕಾಗಿಲ್ಲ. ನೀರು ಬೇಕೆಂಬುದನ್ನು ಈ ಕ್ಷಣದ ಅಗತ್ಯದಿಂದ ಆರಿಸಿ ಕಟ್ಟಬೇಕು. ೧೯೭೩ರಲ್ಲಿ ಅಮೆರಿಕದ ಬಾಸ್ಟನ್ನಿನಲ್ಲಿ ಇದೇ ತತ್ತ್ವದ ಮೇಲೆ, ಚಿಕ್ಕ ವಾಕ್ಯಗಳನ್ನು ರಾಗವಾಗಿ ಹೇಳಿಸಿ ಕೈಯಿಂದ ತಾಳ ಹಾಕಿಸಿ ಮಾತನ್ನು ಮರಳಿ ಕಲಿಸುವ ಚಿಕಿತ್ಸೆಯನ್ನು ಪ್ರಾರಂಭಿಸಿದರು. ಎಲ್ಲರಿಗೂ ಅದು ಫಲಿಸದು. ಕೆಲವರಿಗೆ ಫಲಿಸಿದೆ.

ಇಂತಹವರೊಡನೆ ಮನೆಯವರು ಮಾತನಾಡುವ ರೀತಿಗೂ ಮೇಲೆ ಹೇಳಿದ ಶಾಸ್ತ್ರಕ್ಕೂ ನೇರ ಸಂಬಂಧವಿದೆ. "ಮಧ್ಯಾಹ್ನ ಡಾಕ್ಟರು ಬರೆದುಕೊಟ್ಟ ಗುಳಿಗೆಯನ್ನು ಊಟವಾದ ಮೇಲೆ ತೆಗೆದುಕೊಳ್ಳದೆ ಇದ್ದರೆ ರಾತ್ರಿ ನಿದ್ದೆ ಬರುವುದಿಲ್ಲ" ಎಂಬ ವಾಕ್ಯವನ್ನು ಅವರ ಮುಂದೆ ಇಡಬೇಡಿರಿ. ಕೊನೆಯ ಕ್ರಿಯಾಪದವು ಬರುವ ಹೊತ್ತಿಗೆ ಮೊದಲ ಪದಗಳು ಜಾರಿರುತ್ತವೆ. "ಊಟ ಆಯಿತು. ಈಗ ಗುಳಿಗೆ." ಇಷ್ಟು ಸಾಕು, ಗುಳಿಗೆಯನ್ನು ಕೈಯಲ್ಲಿ ಹಿಡಿದು ತೋರಿಸಿದರಾಯಿತು. ಇಬ್ಬರು ಮೂವರು ಒಟ್ಟಿಗೆ ಮಾತನಾಡಿದರೆ, ಟಿ.ವಿ. ನಡೆದಿದ್ದರೆ ಪದಗಳ ಸನ್ನಿಧಿಯು ಅವರ ಪಾಲಿಗೆ ಒಡೆದುಹೋಗುತ್ತದೆ. ಕಿವುಡರಿಗೆ ಹೇಳುವಂತೆ ಕೂಗುವುದು ವ್ಯರ್ಥ, ಕೆಟ್ಟಿರುವುದು ಕಿವಿಯಲ್ಲ. ಮಗುವಿಗೆ ಹೇಳುವಂತೆ ತೊದಲುವುದು ಅವಮಾನ. ಎಂಬತ್ತು ವರ್ಷದ ಅನುಭವವು ಒಳಗೆ ಹಾಗೆಯೇ ಇದೆ. ಅವರು ಪದಕ್ಕಾಗಿ ತಡಕಾಡುವಾಗ ನಾವೇ ವಾಕ್ಯವನ್ನು ಮುಗಿಸಿಬಿಡುವ ಆತುರವೂ ಬೇಡ. ಆ ಆತುರವು ನಮ್ಮ ಮನಸ್ಸಿನ ಸ್ವಭಾವವೇ ಎಂಬುದನ್ನು ಮೇಲೆ ಕಂಡೆವು. ಸ್ವಲ್ಪ ಹೊತ್ತು ಅದನ್ನು ತಡೆದು ಕೂರುವುದು ಕಷ್ಟವಾದರೂ ಸಾಧ್ಯ.

ಬೆಳಗಾವಿ, ಬೀದರ್, ರಾಯಚೂರುಗಳ ಮನೆಗಳಲ್ಲಿ ಎರಡು ಮೂರು ಭಾಷೆಗಳು ನಡೆಯುತ್ತವೆ. ಪೆಟ್ಟು ಬಿದ್ದ ಮೇಲೆ ಅವೆಲ್ಲ ಒಂದೇ ಸಮನಾಗಿ ಮರಳಬೇಕೆಂದಿಲ್ಲ. ಹೆಚ್ಚು ರೂಢಿಯಲ್ಲಿದ್ದ ಭಾಷೆಯು ಮೊದಲು ಮರಳುವುದೆಂದು ಪಿತ್ರ್ ಎಂಬ ಫ್ರೆಂಚ್ ವೈದ್ಯನು ೧೮೯೫ರಲ್ಲಿ ಹೇಳಿದನು, ಆದರೆ ಈ ನಿಯಮಕ್ಕೆ ಅಪವಾದಗಳು ಅನೇಕ. ಕನ್ನಡದಲ್ಲಿ ಮೌನವಾದವರನ್ನು ಮರಾಠಿಯಲ್ಲಿಯೂ ಉರ್ದುವಿನಲ್ಲಿಯೂ ಒಮ್ಮೆ ಮಾತನಾಡಿಸಿ ನೋಡಬೇಕು.

ಚಿಕಿತ್ಸೆಯ ಮಾತನ್ನು ಚಿಕ್ಕದಾಗಿ ಹೇಳಿಬಿಡುತ್ತೇನೆ. ಇದ್ದಕ್ಕಿದ್ದಂತೆ ಮಾತು ತೊದಲಿದರೆ, ಅಸಂಬದ್ಧವಾದರೆ, ಬಾಯಿ ಸೊಟ್ಟಗಾದರೆ, ಒಂದು ಬದಿಯ ಕೈ ಬಿದ್ದರೆ ಅದನ್ನು ಪಿತ್ತವೆಂದೋ ದೃಷ್ಟಿಯೆಂದೋ ತಿಳಿದು ಕುಳಿತಿರಬಾರದು. ರಕ್ತ ಹೆಪ್ಪುಗಟ್ಟಿ ಆದ ಪಾರ್ಶ್ವವಾಯುವಿನಲ್ಲಿ ಹೆಪ್ಪನ್ನು ಕರಗಿಸುವ ಚುಚ್ಚುಮದ್ದನ್ನು ಸಾಮಾನ್ಯವಾಗಿ ನಾಲ್ಕೂವರೆ ಗಂಟೆಗಳೊಳಗೆ ಕೊಡಬೇಕಾಗುತ್ತದೆ, ಅದಕ್ಕೂ ಮೊದಲು ಸ್ಕ್ಯಾನ್ ಆಗಬೇಕು. ಮಾತನ್ನು ಮರಳಿ ಕಲಿಸುವ ಚಿಕಿತ್ಸೆಗೆ ನಮ್ಮ ನಾಡಿನಲ್ಲಿಯೇ ಒಳ್ಳೆಯ ಆಸರೆಯಿದೆ. ಮೈಸೂರಿನ ಮಾನಸಗಂಗೋತ್ರಿಯಲ್ಲಿರುವ ಅಖಿಲ ಭಾರತ ವಾಕ್ ಮತ್ತು ಶ್ರವಣ ಸಂಸ್ಥೆಯು ೧೯೬೫ರಲ್ಲಿ ಸ್ಥಾಪನೆಯಾದುದು. ಅಫೇಸಿಯದ ಪರೀಕ್ಷೆಗಳನ್ನು ಕನ್ನಡಕ್ಕೆ ಹೊಂದಿ ಸಿದ್ಧಪಡಿಸಿದ ಕೆಲಸವು ಅಲ್ಲಿ ನಡೆದಿದೆ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿಯೂ ಇದಕ್ಕೆ ಪ್ರತ್ಯೇಕ ವಿಭಾಗವಿದೆ. ಮೊದಲ ತಿಂಗಳುಗಳಲ್ಲಿ ಸುಧಾರಣೆಯು ಹೆಚ್ಚು, ಆದರೆ ವರ್ಷ ಕಳೆದ ಮೇಲೂ ಅದು ನಿಂತುಹೋಗುವುದಿಲ್ಲ.

ಕಡೆಯದಾಗಿ ಒಂದು ವ್ಯವಹಾರದ ಮಾತು. ಮಾತು ಬಿದ್ದ ಹಿರಿಯರ ಮುಂದೆ ದಸ್ತಾವೇಜನ್ನು ಓದಿ, ಅವರು ತಲೆಯಾಡಿಸಿದರೆಂದು ಹೆಬ್ಬೆಟ್ಟು ಒತ್ತಿಸಿಕೊಳ್ಳುವುದನ್ನು ನಾವು ಹಳ್ಳಿಗಳಲ್ಲಿ ಕಾಣುತ್ತೇವೆ. "ಕೆರೆಯ ಹೊಲವನ್ನು ದೊಡ್ಡವನಿಂದ ಬಿಡಿಸಿ ಸಣ್ಣವನಿಗೆ ಕೊಡುವುದು" ಎಂಬುದು ಹುಡುಗಿಯು ಹುಡುಗನನ್ನು ಬೆನ್ನಟ್ಟುವ ವಾಕ್ಯದ ಜಾತಿಯದೇ. ಅದನ್ನು ತಿರುವುಮುರುವು ಮಾಡಿದರೂ ಅರ್ಥಕ್ಕೆ ಕೊರತೆಯಿಲ್ಲ. ತಲೆಯಾಡಿಸುವುದು ಒಪ್ಪಿಗೆಯಾಗಿರಬಹುದು, ಸೌಜನ್ಯವಾಗಿರಬಹುದು, ಪೂರ್ತಿ ತಿಳಿಯದ ಸಂಕೋಚವೂ ಆಗಿರಬಹುದು. ಆದುದರಿಂದ ಇಬ್ಬರು ಮಕ್ಕಳ ಭಾವಚಿತ್ರಗಳನ್ನು ಎದುರಿಗಿಟ್ಟು, ಹೊಲದ ಉತಾರವನ್ನು ಕೈಗೆ ಕೊಟ್ಟು, ಯಾರ ಮುಂದೆ ಇಡುತ್ತೀರೆಂದು ಕೇಳಿರಿ. ಆಮೇಲೆ "ದೊಡ್ಡವನಿಗೆ ಹೌದೇ?" ಎಂದು ಒಮ್ಮೆ, ಸ್ವಲ್ಪ ಹೊತ್ತು ಬಿಟ್ಟು "ಸಣ್ಣವನಿಗೆ ಹೌದೇ?" ಎಂದು ಒಮ್ಮೆ ಕೇಳಿರಿ. ಎರಡಕ್ಕೂ ಹೌದೆಂದರೆ ಆ ದಿನ ಕಾಗದವನ್ನು ಮಡಿಚಿಡಬೇಕು. ಒಂದಕ್ಕೆ ಹೌದು, ಇನ್ನೊಂದಕ್ಕೆ ಅಲ್ಲ ಎಂದು, ಮರುದಿನ ಕೇಳಿದಾಗಲೂ ಅದನ್ನೇ ತೋರಿಸಿ, ಮೂರನೆಯ ಸಲ ಕೇಳಿದಾಗ ಸಿಟ್ಟಾದರೆ, ಅವರಿಗೆ ತಿಳಿದೇ ಇದೆ.